ಸಾಲದ ಬೂಟು, ಹದಿಮೂರು ಗೋಲು, ಮುರಿದ ಕಾಲು: ಜಸ್ಟ್ ಫಾಂಟೇನ್ ಪ್ರಕರಣ

1958ರ ಜೂನ್ ತಿಂಗಳ ಆರಂಭ. ಸ್ವೀಡನ್‌ನಲ್ಲಿ ವಿಶ್ವಕಪ್ ಫುಟ್‌ಬಾಲ್ ಶುರುವಾಗಲು ಕೆಲವೇ ದಿನಗಳಿದ್ದವು. ಫ್ರಾನ್ಸ್ ತಂಡದ ಅಭ್ಯಾಸ ನಡೆಯುತ್ತಿದ್ದಾಗ ಒಬ್ಬ ಮುಂಚೂಣಿ ಆಟಗಾರನ ಬೂಟು ಬಾಯಿಬಿಟ್ಟಿತು. ಕಂಪನಿಗಳು ಆಟಗಾರನ ಮನೆಬಾಗಿಲಿಗೇ ಬೂಟಿನ ಪೆಟ್ಟಿಗೆ ತಂದಿಡುವ ಕಾಲ ಇನ್ನೂ ಬಂದಿರಲಿಲ್ಲ. ತಂಡದಲ್ಲಿ ಮೀಸಲು ಆಟಗಾರನಾಗಿ ಬಂದಿದ್ದ ಸ್ತೆಫಾನ್ ಬ್ರುಯೆ ಅವರ ಪಾದದ ಅಳತೆ ಸರಿಹೊಂದಿತು. ಅವರ ಬೂಟನ್ನೇ ಕೇಳಿ ಪಡೆದು, ಹಾಕಿಕೊಂಡು, ಆ ಆಟಗಾರ ಆರು ಪಂದ್ಯ ಆಡಿದರು. ಹದಿಮೂರು ಗೋಲು ಹೊಡೆದರು. ಟೂರ್ನಿ ಮುಗಿದ ಮೇಲೆ ಬೂಟನ್ನು ಅದರ ಒಡೆಯರಿಗೆ ಹಿಂದಿರುಗಿಸಿದರು.

ಅವರ ಹೆಸರು ಜಸ್ಟ್ ಫಾಂಟೇನ್. ಫ್ರೆಂಚರ ಬಾಯಲ್ಲಿ ಅದು 'ಜ್ಯುಸ್ತ್ ಫೊಂತೆನ್' ಎಂದಾಗುತ್ತದೆ. ನಮ್ಮ ಪತ್ರಿಕೆಗಳಲ್ಲಿ ಫಾಂಟೇನ್ ಎಂದೇ ಓದಿದ ಅಭ್ಯಾಸ, ಇಲ್ಲೂ ಹಾಗೇ ಇರಲಿ. 2023ರ ಮಾರ್ಚ್ 1ರಂದು ತುಲೂಸ್‌ನಲ್ಲಿ 89ನೇ ವಯಸ್ಸಿಗೆ ಅವರು ತೀರಿಕೊಂಡಾಗ ಬಂದ ಸುದ್ದಿಗಳಲ್ಲೆಲ್ಲ ಒಂದೇ ಅಂಕಿ ಎದ್ದು ಕಾಣುತ್ತಿತ್ತು: ಒಂದೇ ವಿಶ್ವಕಪ್‌ನಲ್ಲಿ 13 ಗೋಲು. ಕ್ವಿಜ್ ಪುಸ್ತಕದ ಉತ್ತರವಾಗಿ ಆ ಮನುಷ್ಯ ಉಳಿದುಬಿಟ್ಟದ್ದು ನನಗೆ ಬೇಸರ ತರುತ್ತದೆ. ಏಕೆಂದರೆ ಆ 13ರ ಹಿಂದೆಯೂ ಒಂದು ಕಥೆಯಿದೆ, ಮುಂದೆಯೂ ಒಂದು ಕಥೆಯಿದೆ. ಎರಡೂ ಕಾಲಿನ ಕಥೆಗಳೇ. ವಿಶ್ರಾಂತಿ ಸಿಕ್ಕ ಕಾಲು ಗೋಲು ಹೊಡೆಯಿತು, ಕಾವಲಿಲ್ಲದ ಕಾಲು ಮುರಿಯಿತು. ಆ ಕಾಲಿನ ಮೇಲೆ ಯಾರ ಹಕ್ಕು ಎಂಬ ಪ್ರಶ್ನೆ ಆಮೇಲೆ ಒಂದು ಸಂಘಟನೆಯನ್ನೇ ಹುಟ್ಟಿಸಿತು. ಮೂರನ್ನೂ ಒಟ್ಟಿಗೆ ಇಟ್ಟು ನೋಡುವುದು ಈ ಬರಹದ ಕೆಲಸ.

ಮರಾಕೇಶ್‌ನಿಂದ ರೀಮ್ಸ್‌ವರೆಗೆ

ಫಾಂಟೇನ್ ಹುಟ್ಟಿದ್ದು 1933ರ ಆಗಸ್ಟ್ 18ರಂದು, ಮೊರಾಕ್ಕೊದ ಮರಾಕೇಶ್‌ನಲ್ಲಿ. ಆ ದೇಶ ಆಗ ಫ್ರೆಂಚರ ರಕ್ಷಿತ ಪ್ರದೇಶ. ತಂದೆ ಫ್ರೆಂಚರು, ತಾಯಿ ಸ್ಪೇನ್ ಮೂಲದವರು. ಕಾಸಾಬ್ಲಾಂಕಾದ ಯುಎಸ್‌ಎಂ ಕ್ಲಬ್‌ನಲ್ಲಿ ಆಡುತ್ತಿದ್ದ ಹುಡುಗನನ್ನು 1953ರಲ್ಲಿ ನೀಸ್ ಕ್ಲಬ್ ಕರೆಸಿಕೊಂಡಿತು. ಅದೇ ವರ್ಷ ಡಿಸೆಂಬರ್ 17ರಂದು ಲಕ್ಸೆಂಬರ್ಗ್ ವಿರುದ್ಧ ಫ್ರಾನ್ಸ್ ಪರ ಮೊದಲ ಪಂದ್ಯ. ಫ್ರಾನ್ಸ್ 8-0ಯಿಂದ ಗೆದ್ದಿತು, ಇಪ್ಪತ್ತರ ಹರೆಯದ ಹುಡುಗ ಮೂರು ಗೋಲು ಹೊಡೆದ.

ಮೊದಲ ಪಂದ್ಯದಲ್ಲೇ ಹ್ಯಾಟ್ರಿಕ್ ಹೊಡೆದವನಿಗೆ ಎರಡನೇ ಅವಕಾಶ ಯಾವಾಗ ಸಿಕ್ಕಿರಬಹುದು? 1956ರ ಅಕ್ಟೋಬರ್‌ನಲ್ಲಿ! ಸುಮಾರು ಮೂರು ವರ್ಷ ಕಾಯಬೇಕಾಯಿತು. ನಡುವೆ ನೀಸ್ ಪರ 1954ರಲ್ಲಿ ಫ್ರೆಂಚ್ ಕಪ್ ಗೆದ್ದರು, 1956ರಲ್ಲಿ ಲೀಗ್ ಪ್ರಶಸ್ತಿ ಗೆದ್ದರು, ಸುದೀರ್ಘ ಸೇನಾ ಸೇವೆಗೂ ಹೋಗಿಬಂದರು. ಆದರೂ ರಾಷ್ಟ್ರೀಯ ತಂಡದಲ್ಲಿ ಅವರ ಜಾಗ ಗಟ್ಟಿಯಾಗಲಿಲ್ಲ. ದಾಳಿಯ ನಡುವೆ ನಿಂತು ಗೋಲು ಹೊಡೆಯಬೇಕಾದ ಸೆಂಟರ್ ಫಾರ್ವರ್ಡ್ ಎಂದರೆ ಆಯ್ಕೆಗಾರರ ಬಾಯಿಗೆ ಮೊದಲು ಬರುತ್ತಿದ್ದ ಹೆಸರುಗಳು ತಾಡೆ ಸಿಸೋವ್ಸ್ಕಿ ಮತ್ತು ರೆನೆ ಬ್ಲಿಯಾರ್.

1956 ಈ ಪ್ರಕರಣದಲ್ಲಿ ದೊಡ್ಡ ತಿರುವು. ಆ ಬೇಸಿಗೆಯಲ್ಲಿ ರೀಮ್ಸ್ ಕ್ಲಬ್‌ನ ನಕ್ಷತ್ರ ರೇಮಂಡ್ ಕೊಪಾ ಸ್ಪೇನ್‌ನ ರಿಯಲ್ ಮ್ಯಾಡ್ರಿಡ್ ಸೇರಿದರು. ಅವರು ತೆರವು ಮಾಡಿದ ಜಾಗಕ್ಕೆ ರೀಮ್ಸ್ ತಂದುಕೊಂಡದ್ದು ಫಾಂಟೇನ್ ಅವರನ್ನು. ಅಂದರೆ ವಿಶ್ವಕಪ್‌ನಲ್ಲಿ ಒಬ್ಬರ ನೆರಳಿನಂತೆ ಇನ್ನೊಬ್ಬರು ಆಡಿದ ಈ ಜೋಡಿ, ಕ್ಲಬ್ ಮಟ್ಟದಲ್ಲಿ ಅಲ್ಲಿಯವರೆಗೆ ಒಂದು ದಿನವೂ ಜೊತೆಯಾಗಿ ಆಡಿರಲಿಲ್ಲ. ಒಬ್ಬರು ಹೋದದ್ದರಿಂದಲೇ ಇನ್ನೊಬ್ಬರು ಬಂದದ್ದು.

ಆದರೆ ಇಬ್ಬರೂ ಕಲಿತ ಪಾಠಶಾಲೆ ಒಂದೇ. ರೀಮ್ಸ್‌ನ ಕೋಚ್ ಆಲ್ಬರ್ಟ್ ಬಾತೊ ಕಲಿಸುತ್ತಿದ್ದ ಆಟ ಚಿಕ್ಕ ಚಿಕ್ಕ ಪಾಸ್‌ಗಳದು: ಚೆಂಡನ್ನು ನೆಲದ ಮೇಲೇ ಇಟ್ಟುಕೊಳ್ಳುವುದು, ಕೊಟ್ಟವನು ನಿಲ್ಲದೆ ಮುಂದೆ ಓಡುವುದು. ಷಾಂಪೇನ್ ಸೀಮೆಯ ಊರಾದ್ದರಿಂದ ಅಭಿಮಾನಿಗಳು ಅದನ್ನು ಷಾಂಪೇನ್ ಫುಟ್‌ಬಾಲ್ ಎಂದೂ ಕರೆದರು. ಅದೇ ಬಾತೊ ಫ್ರಾನ್ಸ್ ತಂಡಕ್ಕೂ ಕೋಚ್. ಎಡಗಡೆ ಆಡುತ್ತಿದ್ದ ರೊಜೆ ಪಿಯಾಂಟೋನಿ ಮತ್ತು ಜಾನ್ ವಿನ್ಸೆಂಟ್, ರಕ್ಷಣೆಯ ಗೋಡೆಯಾಗಿದ್ದ ರೊಬೇರ್ ಜೊಂಕೆ, ಎಲ್ಲರೂ ರೀಮ್ಸ್‌ನವರೇ. ಸ್ವೀಡನ್‌ಗೆ ಹೋದದ್ದು ನೀಲಿ ಅಂಗಿ ತೊಟ್ಟ ರೀಮ್ಸ್ ಎಂದರೆ ಹೆಚ್ಚೇನೂ ತಪ್ಪಾಗದು.

ಒಂದು ಶಸ್ತ್ರಚಿಕಿತ್ಸೆ, ಒಂದು ಉಳುಕು

1957ರ ಡಿಸೆಂಬರ್‌ನಲ್ಲಿ ಫಾಂಟೇನ್ ಮಂಡಿಯ ಮೆನಿಸ್ಕಸ್, ಅಂದರೆ ಕೀಲಿನ ಒಳಗಿನ ಮೆತ್ತೆಯಂಥ ಮೃದ್ವಸ್ಥಿ, ಹರಿದು ಶಸ್ತ್ರಚಿಕಿತ್ಸೆಯಾಯಿತು. ಈಗ ಸಣ್ಣ ತೂತು ಕೊರೆದು ಮುಗಿಸುವ ಕೆಲಸಕ್ಕೆ ಆಗ ಮಂಡಿಯನ್ನೇ ತೆರೆಯಬೇಕಿತ್ತು. ಹಾಗಿದ್ದೂ ಫೆಬ್ರುವರಿಯಲ್ಲಿ ಅವರು ಮೈದಾನಕ್ಕೆ ಮರಳಿದರು. ಆ ಋತುವಿನಲ್ಲಿ ಲೀಗ್‌ನ 26 ಪಂದ್ಯಗಳಲ್ಲಿ 34 ಗೋಲು ಹೊಡೆದು ಅಗ್ರಸ್ಥಾನ ಪಡೆದರು. ರೀಮ್ಸ್ ಆ ವರ್ಷ ಲೀಗ್ ಮತ್ತು ಫ್ರೆಂಚ್ ಕಪ್ ಎರಡನ್ನೂ ಗೆದ್ದಿತು.

ಚಳಿಗಾಲದ ಕೆಸರಿನಲ್ಲಿ, ಹೆಪ್ಪುಗಟ್ಟಿದ ನೆಲದಲ್ಲಿ ಎಲ್ಲರೂ ಕಾಲು ಸವೆಸುತ್ತಿದ್ದಾಗ ಫಾಂಟೇನ್‌ಗೆ ಬಲವಂತದ ರಜೆ ಸಿಕ್ಕಿತ್ತು. ಜೂನ್ ಬರುವ ಹೊತ್ತಿಗೆ ಉಳಿದವರು ಬಸವಳಿದಿದ್ದರು, ಇವರು ತಾಜಾ ಇದ್ದರು. ಫಾಂಟೇನ್ ಸ್ವತಃ ಇದನ್ನು ಮುಂದೆ ಹೇಳಿಕೊಂಡಿದ್ದಾರೆ. ನನ್ನ ಮಟ್ಟಿಗೆ 13ರ ಲೆಕ್ಕ ಶುರುವಾಗುವುದು ಆ ಶಸ್ತ್ರಚಿಕಿತ್ಸೆಯ ಮೇಜಿನಿಂದ.

13ರ ಹಿಂದಿನ ಎರಡನೆಯ ಕಾರಣ ಇನ್ನೊಬ್ಬರ ದುರದೃಷ್ಟ. ಟೂರ್ನಿಗೆ ಸ್ವಲ್ಪ ಮೊದಲು ಬ್ಲಿಯಾರ್ ಹಿಮ್ಮಡಿಗಂಟಿಗೆ ಪೆಟ್ಟು ಮಾಡಿಕೊಂಡು ಮನೆಗೆ ಮರಳಬೇಕಾಯಿತು. ಸಿಸೋವ್ಸ್ಕಿ ಕೂಡ ಇರಲಿಲ್ಲ. ಸೆಂಟರ್ ಫಾರ್ವರ್ಡ್ ಜಾಗ ಹೀಗೆ ಫಾಂಟೇನ್ ಪಾಲಿಗೆ ಬಂತು.

ಮೂರನೆಯದು ಕೊಪಾ ಬಂದದ್ದು. ರಿಯಲ್ ಮ್ಯಾಡ್ರಿಡ್‌ನಲ್ಲಿ ನಡುವಿನ ಜಾಗ ಆ ತಂಡದ ದೊಡ್ಡ ತಾರೆ ಡಿ ಸ್ಟೆಫಾನೊ ಅವರದು. ಹಾಗಾಗಿ ಕೊಪಾ ಎರಡು ವರ್ಷ ಬಲ ಅಂಚಿನಲ್ಲಿ ಆಡಬೇಕಾಗಿತ್ತು. ಸ್ವೀಡನ್‌ನಲ್ಲಿ ಬಾತೊ ಅವರನ್ನು ಮತ್ತೆ ಮೈದಾನದ ನಡುವಿಗೆ, ಸ್ವಲ್ಪ ಹಿಂದಕ್ಕೆ ಎಳೆದು ನಿಲ್ಲಿಸಿದರು. ಅಲ್ಲಿಂದ ಅವರು ಚೆಂಡು ಹಿಡಿದು ಇಬ್ಬರು ಮೂವರನ್ನು ತಮ್ಮತ್ತ ಸೆಳೆಯುತ್ತಿದ್ದರು. ಆ ಕಾಲದ ರಕ್ಷಣೆಯಲ್ಲಿ ಪ್ರತಿ ಡಿಫೆಂಡರ್‌ಗೂ ತನ್ನ ಎದುರಾಳಿ ಗೊತ್ತುಮಾಡಿರುತ್ತಿದ್ದ. ನಡುವಿನ ಡಿಫೆಂಡರ್ ಒಮ್ಮೆ ದಾಟಿಹೋದರೆ ಹಿಂದೆ ಗೋಲ್‌ಕೀಪರ್ ಬಿಟ್ಟು ಯಾರೂ ಇಲ್ಲ. ಕೊಪಾ ಕಾಲಿನಿಂದ ಚೆಂಡು ಹೊರಡುವ ಮೊದಲೇ ಫಾಂಟೇನ್ ಆ ಸಂದಿಗೆ ನುಗ್ಗಿರುತ್ತಿದ್ದರು. ಅವರದು ಭಾರಿ ಎತ್ತರದ ಆಳಲ್ಲ. ಎರಡೂ ಕಾಲಲ್ಲಿ ಹೊಡೆಯಬಲ್ಲರು, ಹೆಡರ್ ಚೆನ್ನಾಗಿತ್ತು, ಎಲ್ಲಕ್ಕಿಂತ ಹೆಚ್ಚಾಗಿ ಯಾವ ಗಳಿಗೆಯಲ್ಲಿ ಓಡಬೇಕೆಂದು ಗೊತ್ತಿತ್ತು. ಇಬ್ಬರೂ ಸ್ವೀಡನ್‌ನಲ್ಲಿ ಒಂದೇ ಕೋಣೆಯಲ್ಲಿ ಉಳಿದರು. ಬೆನ್ನ ಮೇಲಿನ ಅಂಕಿಗಳೂ ಒಂದರ ಪಕ್ಕ ಒಂದು: 17 ಮತ್ತು 18.

ಆ ತಂಡದ ಹಿನ್ನೆಲೆಯನ್ನು ಒಂದು ಮಾತಿನಲ್ಲಾದರೂ ಹೇಳಲೇಬೇಕು. ಕೊಪಾ ಪೋಲೆಂಡ್ ಮೂಲದ ವಲಸೆ ಕುಟುಂಬದ ಗಣಿ ಕಾರ್ಮಿಕನ ಮಗ, ಪೂರ್ತಿ ಹೆಸರು ಕೊಪಾಶೆವ್ಸ್ಕಿ. ಪಿಯಾಂಟೋನಿ ಇಟಲಿ ಮೂಲದವರು. ಫಾಂಟೇನ್ ಮೊರಾಕ್ಕೊದಿಂದ ಬಂದವರು. ಫ್ರೆಂಚರ ವಿರುದ್ಧ ಅಲ್ಜೀರಿಯಾದ ಸ್ವಾತಂತ್ರ್ಯ ಯುದ್ಧ ನಡೆಯುತ್ತಿದ್ದ ಕಾಲ ಅದು. ವಿಶ್ವಕಪ್ ತಂಡದ ಲೆಕ್ಕದಲ್ಲಿದ್ದ ರಶೀದ್ ಮೆಖ್ಲೂಫಿ ಮತ್ತು ಮುಸ್ತಫಾ ಝಿತೂನಿ ಅದೇ ಏಪ್ರಿಲ್‌ನಲ್ಲಿ ಗುಟ್ಟಾಗಿ ಫ್ರಾನ್ಸ್ ಬಿಟ್ಟು ಅಲ್ಜೀರಿಯಾ ಹೋರಾಟಗಾರರ ತಂಡ ಸೇರಿದ್ದರು. ಇಷ್ಟೆಲ್ಲ ಆದ ಮೇಲೆ ಉಳಿದ ತಂಡದ ಮೇಲೆ ಫ್ರೆಂಚ್ ಪತ್ರಿಕೆಗಳಿಗೂ ಭರವಸೆ ಇರಲಿಲ್ಲ.

ಇಪ್ಪತ್ತು ದಿನ

ಜೂನ್ 8, ನೋರ್‌ಷೋಪಿಂಗ್. ಎದುರಾಳಿ ಪರಾಗ್ವೆ. ದ್ವಿತೀಯಾರ್ಧದ ಆರಂಭದಲ್ಲಿ ಫ್ರಾನ್ಸ್ 2-3ರಿಂದ ಹಿಂದಿತ್ತು. ಆ ಎರಡೂ ಗೋಲು ಫಾಂಟೇನ್ ಅವರವೇ. ಅಲ್ಲಿಂದ ಅಣೆಕಟ್ಟು ಒಡೆದಂತೆ ಐದು ಗೋಲು ಬಂದವು. ಕೊನೆಗೆ 7-3. ಫಾಂಟೇನ್‌ಗೆ ಹ್ಯಾಟ್ರಿಕ್.

ಮೂರು ದಿನ ಬಿಟ್ಟು ವೆಸ್ಟೆರೋಸ್‌ನಲ್ಲಿ ಯುಗೊಸ್ಲಾವಿಯ ವಿರುದ್ಧ 2-3ರ ಸೋಲು. ಎರಡೂ ಗೋಲು ಮತ್ತೆ ಫಾಂಟೇನ್ ಅವರವು. ಒಂದು 4ನೇ ನಿಮಿಷದಲ್ಲಿ, ಇನ್ನೊಂದು 85ರಲ್ಲಿ. 88ರಲ್ಲಿ ಯುಗೊಸ್ಲಾವಿಯ ಗೆಲುವಿನ ಗೋಲು ಹೊಡೆಯಿತು. ಜೂನ್ 15ರಂದು ಓರೆಬ್ರೋದಲ್ಲಿ ಸ್ಕಾಟ್ಲೆಂಡ್ ವಿರುದ್ಧ 2-1ರ ಗೆಲುವು, ಕೊಪಾ ಒಂದು, ಫಾಂಟೇನ್ ಒಂದು. ಕ್ವಾರ್ಟರ್ ಫೈನಲ್‌ನಲ್ಲಿ ಉತ್ತರ ಐರ್ಲೆಂಡ್ ವಿರುದ್ಧ 4-0, ಅದರಲ್ಲಿ ಫಾಂಟೇನ್ ಎರಡು. ಇಲ್ಲಿ ಒಂದು ಮಾತನ್ನು ಮುಚ್ಚಿಡಬಾರದು: ಐರಿಷರು ಎರಡೇ ದಿನ ಮೊದಲು ಚೆಕೊಸ್ಲೊವಾಕಿಯ ಜೊತೆ ಹೆಚ್ಚುವರಿ ಅವಧಿಯವರೆಗೂ ಹೋದ ಪ್ಲೇ-ಆಫ್ ಆಡಿ ಸುಸ್ತಾಗಿದ್ದರು.

ಜೂನ್ 24ರ ಸೆಮಿಫೈನಲ್ ಬ್ರೆಜಿಲ್ ವಿರುದ್ಧ, ಸೋಲ್ನಾದ ರೋಸುಂಡಾ ಮೈದಾನದಲ್ಲಿ. ಎರಡನೇ ನಿಮಿಷಕ್ಕೇ ಬ್ರೆಜಿಲ್‌ನ ವಾವಾ ಗೋಲು. ಒಂಬತ್ತನೇ ನಿಮಿಷದಲ್ಲಿ ಕೊಪಾ ಕೊಟ್ಟ ಪಾಸ್ ಹಿಡಿದು ಫಾಂಟೇನ್ ಸಮ ಮಾಡಿದರು. ಆ ಟೂರ್ನಿಯಲ್ಲಿ ಬ್ರೆಜಿಲ್ ಬಿಟ್ಟುಕೊಟ್ಟ ಮೊಟ್ಟಮೊದಲ ಗೋಲು ಅದು. ಆಸ್ಟ್ರಿಯ, ಇಂಗ್ಲೆಂಡ್, ಸೋವಿಯತ್ ಒಕ್ಕೂಟ, ವೇಲ್ಸ್ ನಾಲ್ವರೂ ಗಿಲ್ಮಾರ್ ಕಾಯುತ್ತಿದ್ದ ಬಲೆಯನ್ನು ಮುಟ್ಟಲಾಗದೆ ಹೋಗಿದ್ದರು.

1-1 ಇದ್ದಾಗ, ಅರ್ಧ ಗಂಟೆ ದಾಟಿದ ಮೇಲೆ, ವಾವಾ ಜೊತೆಗಿನ ಡಿಕ್ಕಿಯಲ್ಲಿ ಜೊಂಕೆ ಅವರ ಕಾಲಿನ ಮೂಳೆ ಮುರಿಯಿತು. ಬದಲಿ ಆಟಗಾರನನ್ನು ಇಳಿಸುವ ನಿಯಮವೇ ಆಗ ಇರಲಿಲ್ಲ. ವಿಶ್ವಕಪ್‌ಗೆ ಅದು ಬಂದದ್ದು 1970ರಲ್ಲಿ. ಮೂಳೆ ಮುರಿದ ಜೊಂಕೆ ಅಂಚಿನಲ್ಲಿ ಕುಂಟುತ್ತ ನಿಂತರು. ಫ್ರಾನ್ಸ್ ಹತ್ತು ಜನರಾಯಿತು. ಆಮೇಲೆ ಹದಿನೇಳು ವರ್ಷದ ಪೆಲೆ 23 ನಿಮಿಷಗಳಲ್ಲಿ ಮೂರು ಗೋಲು ಹೊಡೆದರು. 5-2.

ಹನ್ನೊಂದು ಜನರಿದ್ದರೂ ಆ ಬ್ರೆಜಿಲ್ ಗೆಲ್ಲುತ್ತಿತ್ತು ಎನ್ನುವವರಿದ್ದಾರೆ, ಇರಬಹುದು. ಆದರೆ ಮುರಿದ ಕಾಲಿನವನನ್ನು ಮೈದಾನದಲ್ಲಿ ಉಳಿಸಿಕೊಳ್ಳುವಂತೆ ಮಾಡಿದ ನಿಯಮವನ್ನು ಯಾರೂ ಆಗ ಅಮಾನುಷ ಎಂದು ಕರೆಯಲಿಲ್ಲ ಎಂಬುದನ್ನು ಗುರುತಿಟ್ಟುಕೊಳ್ಳೋಣ. ಮುಂದೆ ಬೇಕಾಗುತ್ತದೆ.

ಜೂನ್ 28ರಂದು ಗೋಥೆನ್‌ಬರ್ಗ್‌ನಲ್ಲಿ ಮೂರನೇ ಸ್ಥಾನದ ಪಂದ್ಯ, ಹಿಂದಿನ ಬಾರಿಯ ಚಾಂಪಿಯನ್ ಪಶ್ಚಿಮ ಜರ್ಮನಿ ವಿರುದ್ಧ. ಫ್ರಾನ್ಸ್ 6-3ರಿಂದ ಗೆದ್ದಿತು. ಫಾಂಟೇನ್ ನಾಲ್ಕು: 16, 36, 78, 89ನೇ ನಿಮಿಷಗಳಲ್ಲಿ. ಮಧ್ಯೆ 27ನೇ ನಿಮಿಷದಲ್ಲಿ ಫ್ರಾನ್ಸ್‌ಗೆ ಪೆನಾಲ್ಟಿ ಸಿಕ್ಕಾಗ ಹೊಡೆದದ್ದು ಕೊಪಾ. ಗೋಲಿನ ದಾಖಲೆಯ ಹೊಸ್ತಿಲಲ್ಲಿದ್ದವರು ಚೆಂಡನ್ನು ತನಗೆ ಕೊಡಿ ಎಂದು ಕೇಳಲಿಲ್ಲ. ಆ 13ರಲ್ಲಿ ಒಂದೂ ಪೆನಾಲ್ಟಿ ಇಲ್ಲ.

ಅಂದಿಗೆ ದಾಖಲೆ ಎಂಬ ಗದ್ದಲವೇನೂ ಏಳಲಿಲ್ಲ. ಚಿನ್ನದ ಬೂಟು ಕೊಡುವ ಪದ್ಧತಿ ಇರಲಿಲ್ಲ. ಸ್ವೀಡನ್‌ನ ಒಂದು ಪತ್ರಿಕೆ ನೆನಪಿಗೆಂದು ಒಂದು ಏರ್ ರೈಫಲ್ ಕೊಟ್ಟಿತು. ವರ್ಷದ ಕೊನೆಗೆ ಯುರೋಪಿನ ಶ್ರೇಷ್ಠ ಆಟಗಾರನಿಗೆ ಕೊಡುವ ಬ್ಯಾಲನ್ ಡಿ'ಓರ್ ಕೊಪಾ ಅವರಿಗೆ ಹೋಯಿತು, ಫಾಂಟೇನ್ ಮೂರನೆಯವರಾದರು. ಆ ತೀರ್ಪಿನಲ್ಲಿ ನ್ಯಾಯವಿತ್ತು ಎಂದೇ ನನ್ನ ಅಭಿಪ್ರಾಯ. ಬಿತ್ತಿದವನಿಲ್ಲದೆ ಕೊಯ್ದವನಿಲ್ಲ.

ಆ ಅಂಕಿಯನ್ನು ಹೇಗೆ ತೂಗುವುದು?

13ನ್ನು ಕಂಡರೆ ಎರಡು ಬಗೆಯ ಪ್ರತಿಕ್ರಿಯೆ ಬರುತ್ತದೆ. ಒಂದು, ಕೈಮುಗಿಯುವುದು. ಇನ್ನೊಂದು, 'ಆಗ ರಕ್ಷಣೆ ಸಡಿಲವಿತ್ತು ಬಿಡಿ' ಎಂದು ತಳ್ಳಿಹಾಕುವುದು. ಎರಡೂ ಸೋಮಾರಿ ಉತ್ತರಗಳು.

ಮೊದಲು ತಗ್ಗಿಸುವ ಸಂಗತಿಗಳನ್ನೇ ನೋಡೋಣ. ಅವರಿಗಿಂತ ಹಿಂದಿನ ದಾಖಲೆ ಹಂಗೇರಿಯ ಶಾಂಡೋರ್ ಕೊಚಿಶ್ ಅವರದು: 1954ರಲ್ಲಿ 5 ಪಂದ್ಯಗಳಲ್ಲಿ 11 ಗೋಲು. ಸರಾಸರಿಯಲ್ಲಿ ಕೊಚಿಶ್ ಕೂದಲೆಳೆಯಷ್ಟು ಮುಂದೆ, 2.2, ಫಾಂಟೇನ್ 2.17. ಇನ್ನೊಂದು ವಿಚಿತ್ರವಿದೆ. ಕೊಚಿಶ್ ಗೋಲುಗಳಲ್ಲಿ ನಾಲ್ಕು ಬಂದದ್ದು ಪಶ್ಚಿಮ ಜರ್ಮನಿಯ ಎರಡನೇ ಗೋಲ್‌ಕೀಪರ್ ಹೈನ್ರಿಖ್ ಕ್ವಿಯಾಟ್ಕೋವ್ಸ್ಕಿ ನಿಂತಿದ್ದ 8-3ರ ಪಂದ್ಯದಲ್ಲಿ. ನಾಲ್ಕು ವರ್ಷದ ನಂತರ ಗೋಥೆನ್‌ಬರ್ಗ್‌ನಲ್ಲಿ ಫಾಂಟೇನ್ ಹೊಡೆದ ನಾಲ್ಕು ಗೋಲಿಗೂ ಎದುರಿದ್ದವರು ಅದೇ ಕ್ವಿಯಾಟ್ಕೋವ್ಸ್ಕಿ. ಎರಡು ದಾಖಲೆಗಳ ಭಾರವನ್ನು ಒಬ್ಬನೇ ಮನುಷ್ಯ ಹೊತ್ತದ್ದು ನೆನೆದರೆ ಮರುಕವಾಗುತ್ತದೆ.

ಇನ್ನು ಏರಿಸುವ ಸಂಗತಿಗಳು. ಆರು ಪಂದ್ಯಗಳಲ್ಲಿ ಫ್ರಾನ್ಸ್ ಹೊಡೆದದ್ದು 23 ಗೋಲು, ಅರ್ಧಕ್ಕಿಂತ ಹೆಚ್ಚು ಒಬ್ಬರದೇ. ಫಾಂಟೇನ್ ಗೋಲು ಹೊಡೆಯದ ಪಂದ್ಯವೇ ಇಲ್ಲ. ಬ್ರೆಜಿಲ್ ವಿರುದ್ಧವೂ ಖಾಲಿ ಕೈಯಲ್ಲಿ ಬರಲಿಲ್ಲ. ರಕ್ಷಣೆ ಸಡಿಲವಿದ್ದ ಲಾಭ ಆ ಟೂರ್ನಿಯ ಎಲ್ಲ ಹದಿನಾರು ತಂಡಗಳ ಸ್ಟ್ರೈಕರ್‌ಗಳಿಗೂ ಇತ್ತಲ್ಲವೇ? ಎರಡನೇ ಸ್ಥಾನದಲ್ಲಿದ್ದ ಪೆಲೆ ಮತ್ತು ಪಶ್ಚಿಮ ಜರ್ಮನಿಯ ಹೆಲ್ಮುಟ್ ರಾನ್ ತಲಾ ಆರಕ್ಕೆ ನಿಂತರು. ಆಮೇಲಿನ ಟೂರ್ನಿಗಳಲ್ಲಿ ಎರಡಂಕಿ ಮುಟ್ಟಿದ್ದು 1970ರಲ್ಲಿ 10 ಗೋಲು ಹೊಡೆದ ಗರ್ಡ್ ಮ್ಯುಲರ್. ಪಂದ್ಯಗಳ ಸಂಖ್ಯೆ ಏಳಕ್ಕೇರಿದ ಮೇಲೂ 2002ರಲ್ಲಿ ರೊನಾಲ್ಡೊ, 2022ರಲ್ಲಿ ಎಂಬಾಪೆ ಇಬ್ಬರೂ 8ರಲ್ಲಿ ನಿಂತರು.

2022ರ ಡಿಸೆಂಬರ್ 18ರಂದು ಕತಾರ್‌ನ ಫೈನಲ್‌ನಲ್ಲಿ ಮೆಸ್ಸಿ ತಮ್ಮ ವಿಶ್ವಕಪ್ ಬದುಕಿನ 13ನೇ ಗೋಲು ಹೊಡೆದರು. ನಮ್ಮಲ್ಲಿ ನಡುರಾತ್ರಿಯವರೆಗೆ ಟಿವಿ ಮುಂದೆ ಕೂತು ನೋಡಿದವರು ಸಾವಿರಾರು ಜನ, ನಾನೂ ಅವರಲ್ಲೊಬ್ಬ. ಐದು ವಿಶ್ವಕಪ್, 26 ಪಂದ್ಯ, 13 ಗೋಲು. ಫಾಂಟೇನ್ ಅಷ್ಟನ್ನೇ ಇಪ್ಪತ್ತು ದಿನಗಳಲ್ಲಿ ಮುಗಿಸಿದ್ದರು. ಇದನ್ನು ಮೆಸ್ಸಿಯನ್ನು ಕಿರಿದು ಮಾಡಲು ಹೇಳುತ್ತಿಲ್ಲ. ಹೋಲಿಕೆ ಇಲ್ಲದೆ ಆ ಇಪ್ಪತ್ತು ದಿನಗಳ ತೂಕ ಗೊತ್ತಾಗುವುದಿಲ್ಲ, ಅಷ್ಟೇ. ಅದೇ ಟೂರ್ನಿಯ ಸೆಮಿಫೈನಲ್‌ನಲ್ಲಿ ಫ್ರಾನ್ಸ್‌ಗೆ ಎದುರಾದದ್ದು ಫಾಂಟೇನ್ ಹುಟ್ಟಿದ ಮೊರಾಕ್ಕೊ. ಫ್ರಾನ್ಸ್ 2-0ಯಿಂದ ಗೆದ್ದಿತು.

ಹಾಗಾದರೆ ಅದು ಅದೃಷ್ಟವೇ? ಬ್ಲಿಯಾರ್ ಗಾಯ ಅದೃಷ್ಟ, ಬಾಯಿಬಿಟ್ಟ ಬೂಟಿಗೆ ಸರಿಹೊಂದುವ ಪಾದ ಸಿಕ್ಕದ್ದೂ ಅದೃಷ್ಟ. ಆದರೆ ಲಕ್ಸೆಂಬರ್ಗ್ ವಿರುದ್ಧ ಮೂರು, ಲೀಗ್‌ನಲ್ಲಿ 34, ಮರುವರ್ಷ ಕ್ಲಬ್‌ಗಳು ಆಡುವ ಯುರೋಪಿಯನ್ ಕಪ್‌ನಲ್ಲಿ 10 ಗೋಲು ಹೊಡೆದು ಅಗ್ರಸ್ಥಾನ, ಇವಕ್ಕೆಲ್ಲ ಅದೃಷ್ಟದ ಹೆಸರಿಡಲಾಗದು. ಫ್ರಾನ್ಸ್ ಪರ ಅವರ ಒಟ್ಟು ಲೆಕ್ಕ 21 ಪಂದ್ಯ, 30 ಗೋಲು. ಸ್ವೀಡನ್ನಿನ ಆರು ಪಂದ್ಯಗಳನ್ನು ಪೂರ್ತಿ ಅಳಿಸಿಹಾಕಿದರೂ 15 ಪಂದ್ಯಗಳಲ್ಲಿ 17 ಗೋಲು ಉಳಿಯುತ್ತವೆ! ಬಾಗಿಲು ತೆರೆದದ್ದು ಅದೃಷ್ಟ, ಒಳಗೆ ಕಾಲಿಟ್ಟವರು ಮೊದಲೇ ತಯಾರಾಗಿದ್ದರು.

1960ರ ಮಾರ್ಚ್ 20

1959ರ ಜೂನ್ 3ರಂದು ಸ್ಟುಟ್‌ಗಾರ್ಟ್‌ನಲ್ಲಿ ಯುರೋಪಿಯನ್ ಕಪ್ ಫೈನಲ್. ರೀಮ್ಸ್ 0-2ರಿಂದ ರಿಯಲ್ ಮ್ಯಾಡ್ರಿಡ್‌ಗೆ ಸೋತಿತು. ಎದುರು ತಂಡದಲ್ಲಿ ಕೊಪಾ ಇದ್ದರು. ಆ ಬೇಸಿಗೆಯಲ್ಲೇ ಕೊಪಾ ರೀಮ್ಸ್‌ಗೆ ಮರಳಿದರು. ಸ್ವೀಡನ್‌ನಲ್ಲಿ ಇಪ್ಪತ್ತು ದಿನ ಮಾತ್ರ ಕಂಡ ಜೋಡಿ ಈಗ ವಾರವಾರವೂ ಒಂದೇ ಅಂಗಿಯಲ್ಲಿ. ಡಿಸೆಂಬರ್‌ನಲ್ಲಿ ಯುರೋಪಿಯನ್ ರಾಷ್ಟ್ರಗಳ ಕಪ್‌ನ ಪಂದ್ಯದಲ್ಲಿ ಆಸ್ಟ್ರಿಯ ವಿರುದ್ಧ ಫಾಂಟೇನ್ ಮತ್ತೊಂದು ಹ್ಯಾಟ್ರಿಕ್ ಹೊಡೆದರು. ವಯಸ್ಸು 26. ಒಬ್ಬ ಸ್ಟ್ರೈಕರ್‌ಗೆ ಕಣ್ಣು, ಕಾಲು, ಅನುಭವ ಮೂರೂ ಒಂದೇ ಹದಕ್ಕೆ ಬರುವ ವಯಸ್ಸು.

1960ರ ಮಾರ್ಚ್ 20ರಂದು ಸೊಶೊ ತಂಡದ ಎದುರು ಲೀಗ್ ಪಂದ್ಯ. ಒಂದು ಟ್ಯಾಕಲ್. ಮಂಡಿಯ ಕೆಳಗಿನ ಎರಡೂ ಮೂಳೆ ಮುರಿದವು.

ಆ ಋತುವಿನಲ್ಲಿ ಅಷ್ಟರೊಳಗೆ 28 ಗೋಲು ಹೊಡೆದಿದ್ದರು. ಅವರು ಪ್ಲಾಸ್ಟರ್ ಹಾಕಿಸಿಕೊಂಡು ಮಲಗಿದ್ದಾಗಲೂ ಉಳಿದ ವಾರಗಳಲ್ಲಿ ಯಾರಿಗೂ ಅವರನ್ನು ದಾಟಲಾಗಲಿಲ್ಲ. ಲೀಗ್‌ನ ಅಗ್ರ ಗೋಲುಗಾರ ಅವರೇ ಆದರು, ಪ್ರಶಸ್ತಿ ರೀಮ್ಸ್‌ಗೇ ಬಂತು. ಜುಲೈನಲ್ಲಿ ಫ್ರಾನ್ಸ್‌ನಲ್ಲೇ ಮೊದಲ ಯುರೋಪಿಯನ್ ರಾಷ್ಟ್ರಗಳ ಕಪ್‌ನ ಅಂತಿಮ ಹಂತ ನಡೆಯಿತು. ಫಾಂಟೇನ್ ಇರಲಿಲ್ಲ. ಸೆಮಿಫೈನಲ್‌ನಲ್ಲಿ ಫ್ರಾನ್ಸ್ 4-2ರಿಂದ ಮುಂದಿದ್ದೂ ಯುಗೊಸ್ಲಾವಿಯಕ್ಕೆ 4-5ರಿಂದ ಸೋತಿತು.

ಅದೇ ವರ್ಷದ ಕೊನೆಗೆ ಅವರು ಮೈದಾನಕ್ಕೆ ಮರಳಿದರು. ಡಿಸೆಂಬರ್ 11ರಂದು ಬಲ್ಗೇರಿಯ ವಿರುದ್ಧ ವಿಶ್ವಕಪ್ ಅರ್ಹತಾ ಪಂದ್ಯ, ಫ್ರಾನ್ಸ್‌ಗೆ 3-0ರ ಗೆಲುವು. ರಾಷ್ಟ್ರೀಯ ತಂಡಕ್ಕೆ ಅದೇ ಅವರ ಕೊನೆಯ ಆಟ. ಮೂರೇ ವಾರ. 1961ರ ಜನವರಿ 1, ಲಿಮೋಜ್‌ನಲ್ಲಿ ಅದೇ ಕಾಲು ಮತ್ತೆ ಮುರಿಯಿತು.

ಎಂಟೇ ತಿಂಗಳಲ್ಲಿ ಮರಳಿದ್ದು ಅವಸರವಾಯಿತೇ? ಇಷ್ಟು ದೂರದಲ್ಲಿ ಕೂತು ವೈದ್ಯರ ಮೇಲೋ ಕ್ಲಬ್‌ನ ಮೇಲೋ ಬೆರಳು ತೋರಿಸುವುದು ನನಗೆ ಸರಿ ಕಾಣುವುದಿಲ್ಲ. ಕಾಲದ ಲಕ್ಷಣವನ್ನು ಮಾತ್ರ ಹೇಳಬಹುದು. ಹಳದಿ ಕಾರ್ಡ್, ಕೆಂಪು ಕಾರ್ಡ್ ಇರಲಿಲ್ಲ. ಅವು ವಿಶ್ವಕಪ್‌ನಲ್ಲಿ ಕಾಣಿಸಿಕೊಂಡದ್ದೂ ಬದಲಿ ಆಟಗಾರರ ಜೊತೆಗೆ 1970ರಲ್ಲೇ. ಗಾಯದ ನಂತರ ಸ್ನಾಯುವಿಗೆ ಬಲ ತುಂಬುವ ಈಗಿನಂಥ ವ್ಯವಸ್ಥಿತ ಪುನಶ್ಚೇತನ ಇರಲಿಲ್ಲ. ಜೊಂಕೆ ಮುರಿದ ಕಾಲಿನಲ್ಲಿ ಮೈದಾನದಲ್ಲೇ ಉಳಿದದ್ದನ್ನು ಶೌರ್ಯ ಎಂದು ಹೊಗಳಿದ ಲೋಕ ಅದು. ಆ ಲೋಕದಲ್ಲಿ ಆಟಗಾರನ ಕಾಲಿಗೆ ಆಟಗಾರನೇ ಕಾವಲುಗಾರ.

ಫಾಂಟೇನ್ ಮತ್ತೆ ಮತ್ತೆ ಪ್ರಯತ್ನಪಟ್ಟರು. ಆಗಲಿಲ್ಲ. 1962ರ ಬೇಸಿಗೆಯಲ್ಲಿ ನಿವೃತ್ತಿ. ಇಪ್ಪತ್ತೊಂಬತ್ತು ಇನ್ನೂ ತುಂಬಿರಲಿಲ್ಲ. ಅವರಿಲ್ಲದ ಫ್ರಾನ್ಸ್ ಅದೇ ಬಲ್ಗೇರಿಯಕ್ಕೆ ಸೋಫಿಯಾದಲ್ಲಿ 0-1, ಬಳಿಕ ಮಿಲಾನ್‌ನ ಪ್ಲೇ-ಆಫ್‌ನಲ್ಲಿ ಮತ್ತೆ 0-1ರಿಂದ ಸೋತು 1962ರ ವಿಶ್ವಕಪ್‌ಗೆ ಹೋಗಲೇ ಇಲ್ಲ. ಎರಡು ಪಂದ್ಯ, ಒಂದು ಗೋಲೂ ಇಲ್ಲ. 'ಅವರೊಬ್ಬರು ಇದ್ದಿದ್ದರೆ' ಎಂಬ ಮಾತು ಆಟದ ಚರ್ಚೆಯಲ್ಲಿ ಅಗ್ಗ. ಈ ಒಂದು ಕಡೆ ಅದನ್ನು ಆಡದೆ ಇರಲು ನನ್ನಿಂದಾಗುತ್ತಿಲ್ಲ. ವಿಶ್ವಕಪ್‌ನಲ್ಲಿ ಫ್ರಾನ್ಸ್ ಮತ್ತೆ ಮೂರನೇ ಸ್ಥಾನ ಮುಟ್ಟಲು 1986 ಬರಬೇಕಾಯಿತು.

ಕೋಚ್ ಆಗಿ ಅವರ ಬದುಕಿನ ಬಗ್ಗೆ ಬೇಗ ಹೇಳಿ ಮುಗಿಸಬಹುದು. 1967ರಲ್ಲಿ ಫ್ರಾನ್ಸ್ ತಂಡದ ಹೊಣೆ ಸಿಕ್ಕಿತು. ರುಮೇನಿಯ ಮತ್ತು ಸೋವಿಯತ್ ಒಕ್ಕೂಟದ ವಿರುದ್ಧ ಎರಡು ಸೌಹಾರ್ದ ಪಂದ್ಯ ಸೋತದ್ದೇ ಹೊಣೆಯೂ ಹೋಯಿತು. ಪ್ಯಾರಿಸ್ ಸೇಂಟ್ ಜರ್ಮೈನ್ 1974ರಲ್ಲಿ ಮೊದಲ ದರ್ಜೆಗೆ ಏರಿದ್ದು ಅವರು ಜೊತೆಗಿದ್ದಾಗ. ಹುಟ್ಟಿದ ನಾಡು ಮೊರಾಕ್ಕೊಗೆ ಕೋಚ್ ಆಗಿ 1980ರ ಆಫ್ರಿಕನ್ ಕಪ್‌ನಲ್ಲಿ ಮೂರನೇ ಸ್ಥಾನ ತಂದುಕೊಟ್ಟರು. ಸ್ವೀಡನ್‌ನಲ್ಲಿ ಆಟಗಾರನಾಗಿ ಸಿಕ್ಕದ್ದೂ ಅದೇ ಸ್ಥಾನ.

ಕಾಲು ಯಾರದು?

ಫಾಂಟೇನ್ ಬದುಕಿನಲ್ಲಿ ನನಗೆ ಎಲ್ಲಕ್ಕಿಂತ ದೊಡ್ಡದಾಗಿ ಕಾಣುವ ತಾರೀಖು ಗೋಲಿನದ್ದಲ್ಲ. ಅದು 1961ರ ನವೆಂಬರ್ 16. ಎರಡನೇ ಸಲ ಕಾಲು ಮುರಿದು ಹತ್ತು ತಿಂಗಳಾಗಿತ್ತು, ನಿವೃತ್ತಿಗೆ ಇನ್ನೂ ಎಂಟು ತಿಂಗಳಿತ್ತು. ಅಂದು ಫ್ರಾನ್ಸ್‌ನ ವೃತ್ತಿಪರ ಫುಟ್‌ಬಾಲ್ ಆಟಗಾರರ ರಾಷ್ಟ್ರೀಯ ಸಂಘ ಹುಟ್ಟಿತು. ಅದರ ಹಿಂದಿನ ಚಾಲಕ ಶಕ್ತಿ ಕ್ಯಾಮರೂನ್‌ನಿಂದ ಬಂದು ಸೇಂಟ್ ಎಟಿಯೆನ್ ಪರ ಆಡಿದ, ಕಾನೂನು ಓದಿದ ಯುಜೀನ್ ಎನ್ಜೊ ಲೆಯಾ. ಮೊದಲ ಅಧ್ಯಕ್ಷ ಫಾಂಟೇನ್.

ಅಂದಿನ ಕರಾರು ಹೇಗಿತ್ತೆಂದು ತಿಳಿದರೆ ಸಂಘದ ಅಗತ್ಯ ಅರ್ಥವಾಗುತ್ತದೆ. ವೃತ್ತಿಪರ ಆಟಗಾರ ಒಮ್ಮೆ ಸಹಿ ಹಾಕಿದರೆ 35 ವರ್ಷ ತುಂಬುವವರೆಗೆ ಆ ಕ್ಲಬ್‌ನ ಸ್ವತ್ತು. ಎಲ್ಲಿಗೆ ಹೋಗಬೇಕು, ಯಾವಾಗ ಹೋಗಬೇಕು, ಎಷ್ಟಕ್ಕೆ ಹೋಗಬೇಕು ಎಂದು ತೀರ್ಮಾನಿಸುವುದು ಕ್ಲಬ್. ಆಟಗಾರನ ಒಪ್ಪಿಗೆ ಬೇಕಿರಲಿಲ್ಲ. ನಮ್ಮ ಹಳ್ಳಿಗಳಲ್ಲಿ ಜೀತದ ಲೆಕ್ಕ ಬರೆದ ಕಾಗದಗಳ ಬಗ್ಗೆ ಕೇಳಿದವರಿಗೆ ಆ ಕರಾರಿನ ವಾಸನೆ ಹತ್ತದೆ ಇರದು. 1963ರಲ್ಲಿ ಕೊಪಾ ಒಂದು ಪತ್ರಿಕೆಗೆ ಆಟಗಾರರು ಗುಲಾಮರು ಎಂದೇ ಹೇಳಿದರು. ಫೆಡರೇಷನ್ ಅವರಿಗೆ ಆರು ತಿಂಗಳ ಅಮಾನತು ಶಿಕ್ಷೆ ವಿಧಿಸಿ, ಅದನ್ನು ಜಾರಿಗೆ ತರದೆ ತಲೆಯ ಮೇಲೆ ತೂಗುಹಾಕಿತು.

ಇಲ್ಲಿ ಒಂದು ಸೂಕ್ಷ್ಮವಿದೆ. ಫಾಂಟೇನ್ ಈ ಹೋರಾಟಕ್ಕೆ ಇಳಿದಾಗ ಅದರಿಂದ ಅವರಿಗೆ ಬರುವ ಲಾಭ ಏನೂ ಉಳಿದಿರಲಿಲ್ಲ. ಹೊಸ ಕ್ಲಬ್ ಹುಡುಕುವ, ಸಂಬಳ ಚೌಕಾಸಿ ಮಾಡುವ ಕಾಲು ಅವರಿಗಿರಲಿಲ್ಲ. ಸಂಘಕ್ಕೆ ಅವರು ಕೊಟ್ಟದ್ದು ತಮ್ಮ ಹೆಸರು. ಹದಿಮೂರು ಗೋಲಿನವನು ಮುಂದೆ ನಿಂತರೆ ಅನಾಮಧೇಯ ಆಟಗಾರರಿಗೆ ಸಹಿ ಹಾಕಲು ಧೈರ್ಯ ಬರುತ್ತದೆ, ಕ್ಲಬ್ ಮಾಲೀಕರಿಗೆ ಬಾಗಿಲು ಮುಚ್ಚುವುದು ಕಷ್ಟವಾಗುತ್ತದೆ. ಆ ಅಂಕಿ ದಾಖಲೆ ಪುಸ್ತಕದ ಹೊರಗೆ ಮಾಡಿದ ಕೆಲಸ ಅದು.

ಕ್ಲಬ್‌ಗಳು ಎಂಟು ವರ್ಷ ಎಳೆದಾಡಿದವು. ಕಾಲಮಿತಿಯ ಕರಾರು, ಅಂದರೆ ಇಂತಿಷ್ಟು ವರ್ಷಕ್ಕೆ ಸಹಿ, ಅವಧಿ ಮುಗಿದ ಮೇಲೆ ಆಟಗಾರ ಸ್ವತಂತ್ರ ಎಂಬ ವ್ಯವಸ್ಥೆ ಫ್ರಾನ್ಸ್‌ಗೆ ಬಂದದ್ದು 1969ರಲ್ಲಿ. ಫಾಂಟೇನ್ ಬೂಟು ಕಳಚಿಟ್ಟು ಆಗಲೇ ಏಳು ವರ್ಷವಾಗಿತ್ತು.